ತನ್ನ ಹಾಡುಗಳಿಗೆ ಒಡೆಯನಾದ ಸ್ಯಾಮ್ ಕುಕ್

ಹಾಡಿದ ಕರಿಯ ಗಾಯಕರಿಗಿಂತ ಹಾಡು ಮಾರಿದವರೇ ಹೆಚ್ಚು ಗಳಿಸುತ್ತಿದ್ದ ಅಮೆರಿಕದಲ್ಲಿ, ತಮ್ಮ ರಚನೆಗಳ ಹಕ್ಕಿಗೆ ಪಟ್ಟು ಹಿಡಿದವರು ಸೋಲ್ ಗಾಯಕ ಸ್ಯಾಮ್ ಕುಕ್.

1931ರ ಜನವರಿ 22ರಂದು ಮಿಸಿಸಿಪ್ಪಿಯ ಕ್ಲಾರ್ಕ್ಸ್‌ಡೇಲ್‌ನಲ್ಲಿ ಪಾದ್ರಿಯ ಮಗನಾಗಿ ಜನಿಸಿದ ಅವರು ಬೆಳೆದದ್ದು ಶಿಕಾಗೋದಲ್ಲಿ. 'ಸೋಲ್ ಸ್ಟಿರರ್ಸ್' ತಂಡದ ಭಕ್ತಿಗೀತೆಗಳಿಂದ ಹೆಸರಾದರು. ಚರ್ಚಿನ ಶ್ರೋತೃಗಳು ಮುನಿದಾರೆಂಬ ಅಳುಕಿನಿಂದ ಮೊದಲ ಲೌಕಿಕ ಗೀತೆಯನ್ನು ಬೇರೊಂದು ಹೆಸರಿನಲ್ಲಿ ಹೊರತಂದರು. ಆ ಕಂಠವನ್ನು ಮರೆಮಾಚುವುದು ಸಾಧ್ಯವಿತ್ತೇ! 1957ರಲ್ಲಿ 'ಯು ಸೆಂಡ್ ಮಿ' ಅಗ್ರಸ್ಥಾನಕ್ಕೇರಿತು. ರಚನೆ ಅವರದೇ, ಹಳೆಯ ಕಂಪನಿಗೆ ಪ್ರಕಾಶನದ ಹಣ ಸೇರದಿರಲೆಂದು ಮುದ್ರಿಸಿದ್ದು ಮಾತ್ರ ತಮ್ಮನ ಹೆಸರನ್ನು.

ಮುಂದೆ ಜೆ.ಡಬ್ಲ್ಯು. ಅಲೆಕ್ಸಾಂಡರ್ ಜತೆಗೂಡಿ ಸ್ವಂತ ಪ್ರಕಾಶನವನ್ನೂ 'ಸಾರ್ ರೆಕಾರ್ಡ್ಸ್' ಸಂಸ್ಥೆಯನ್ನೂ ಕಟ್ಟಿದರು. ಬಾಬಿ ವೊಮ್ಯಾಕ್ ಸೋದರರಿಗೆ ಅಲ್ಲಿ ನೆಲೆ ದೊರೆಯಿತು.

1963ರ ಅಕ್ಟೋಬರ್‌ನಲ್ಲಿ ಲೂಸಿಯಾನಾದ ಶ್ರೀವ್‌ಪೋರ್ಟ್‌ನಲ್ಲಿ, ಮೊದಲೇ ಕಾಯ್ದಿರಿಸಿದ್ದ ಕೊಠಡಿಯನ್ನು ಅವರಿಗೆ ನಿರಾಕರಿಸಲಾಯಿತು. ಪ್ರತಿಭಟಿಸಿದ ಅವರನ್ನೇ ಪೊಲೀಸರು ಬಂಧಿಸಿದರು. 1964ರ ಜನವರಿಯಲ್ಲಿ 'ಎ ಚೇಂಜ್ ಈಸ್ ಗೊನ್ನಾ ಕಮ್' ಧ್ವನಿಮುದ್ರಣಗೊಂಡಿತು. ಅದೇ ಡಿಸೆಂಬರ್ 11ರಂದು ಲಾಸ್ ಏಂಜಲೀಸ್‌ನ ಮೋಟೆಲೊಂದರಲ್ಲಿ ಗುಂಡೇಟಿಗೆ ಬಲಿಯಾದಾಗ ಅವರ ವಯಸ್ಸು 33. ಆ ಗೀತೆ ಬಿಡಿ ಮುದ್ರಿಕೆಯಾಗಿ ಹೊರಬಂದದ್ದು ಬಳಿಕವೇ. ಸಾರ್ ರೆಕಾರ್ಡ್ಸ್ ಬಾಗಿಲು ಮುಚ್ಚಿತು. ಜತನದಿಂದ ಕಾಯ್ದುಕೊಂಡಿದ್ದ ಹಕ್ಕುಗಳು ಕಾಲಕ್ರಮೇಣ ಅವರ ವ್ಯವಸ್ಥಾಪಕ ಅಲನ್ ಕ್ಲೈನ್ ಸಂಸ್ಥೆಯ ಪಾಲಾದವು.