ರಾಜ್ಯ ಹೋದ ಮೇಲೆ ಕುದುರೆ ನಡೆಸಿದ ದೊರೆ

ನಮ್ಮ ಮನೆಯಲ್ಲಿ ಚದುರಂಗಕ್ಕೆ ಶತ್ರಂಜ್ ಎನ್ನುತ್ತೇವೆ. ಕುದುರೆ ಘೋಡಾ, ಮಂತ್ರಿ ವಜೀರ್, ಕಾಲಾಳು ಪ್ಯಾದಾ. ಕಾಲೇಜಿಗೆ ಬಂದರೆ ಅದೇ ಆಟ ಚೆಸ್. ಹೆಸರು ಮೂರಾದರೂ ಮಣೆ ಒಂದೇ, ಮನೆಗಳು 64.

ಈ ಆಟವನ್ನು ನನಗೆ ಕಲಿಸಿದವರು ಅಬ್ಬಾ. ಅವರು ಹುಣಸೂರಿನ ಒಂದು ಸಾಮಿಲ್ಲಿನಲ್ಲಿ ಲೆಕ್ಕ ಬರೆಯುತ್ತಿದ್ದರು. ಹೋದ ವರ್ಷ ಆ ಕೆಲಸ ನಿಂತುಹೋಯಿತು. ಆಮೇಲೆ ಮಧ್ಯಾಹ್ನದ ಹೊತ್ತು ಕಟ್ಟೆಮಳಲವಾಡಿಯ ನಮ್ಮ ಮನೆಯ ಜಗಲಿಯಲ್ಲಿ ಮಣೆ ಹಾಕಿಕೊಂಡು, ಒಬ್ಬರೇ ಎರಡೂ ಕಡೆ ಆಡುತ್ತ ಕೂರುವುದು ಅವರ ಅಭ್ಯಾಸವಾಯಿತು. ದಾರಿಯಲ್ಲಿ ಹೋಗುವವರು, ಮನೆಗೆ ಬಂದ ನೆಂಟರು, ಎಲ್ಲರೂ ಹೊತ್ತು ಹಾಳು ಎಂದು ಆಡಿಕೊಳ್ಳುವುದು ನನ್ನ ಕಿವಿಗೂ ಬೀಳುತ್ತಿತ್ತು. ನನಗೆ ನಾಚಿಕೆಯಾಗುತ್ತಿತ್ತು. ನಿಜ ಹೇಳಬೇಕೆಂದರೆ ಅಬ್ಬಾ ಮೇಲೆ ಸಿಟ್ಟೂ ಬರುತ್ತಿತ್ತು.

ಈ ಸಂಚಿಕೆಗೆ ಮೈಸೂರು ಸೀಮೆಯ ಹಿರಿಯರೊಬ್ಬರ ಜೀವನದ ಬಗ್ಗೆ ಬರೆಯಲು ಹೇಳಿದಾಗ ನಾನು ಮುಮ್ಮಡಿ ಕೃಷ್ಣರಾಜ ಒಡೆಯರನ್ನು ಆರಿಸಿಕೊಂಡೆ. ಅವರಿಗೆ ಚದುರಂಗದ ಹುಚ್ಚಿತ್ತು ಎಂದು ಕೇಳಿದ್ದೆ, ಅಷ್ಟೇ ಕಾರಣ.

ಮುಮ್ಮಡಿಯವರು ಹುಟ್ಟಿದ್ದು 1794ರ ಜುಲೈ 14ರಂದು. ತಂದೆ ಖಾಸಾ ಚಾಮರಾಜ ಒಡೆಯರು 1796ರಲ್ಲೇ ತೀರಿಕೊಂಡರು. 1799ರ ಮೇ 4ರಂದು ಶ್ರೀರಂಗಪಟ್ಟಣದ ಕೋಟೆ ಬಿತ್ತು, ಟಿಪ್ಪು ಸುಲ್ತಾನರು ಹೋರಾಡುತ್ತ ಮಡಿದರು. ಬ್ರಿಟಿಷರು ರಾಜ್ಯವನ್ನು ಹಂಚಿ, ಉಳಿದ ಮೈಸೂರಿಗೆ ಈ ಹುಡುಗನನ್ನು ದೊರೆಯಾಗಿ ಕೂರಿಸಿದರು. ಜೂನ್ 30ರಂದು ಪಟ್ಟಾಭಿಷೇಕ ನಡೆದಾಗ ಅವರಿಗೆ ಐದು ತುಂಬಲು ಇನ್ನೂ ಎರಡು ವಾರ ಬಾಕಿ. ಅಜ್ಜಿ ಲಕ್ಷ್ಮಮ್ಮಣ್ಣಿಯವರು ಹುಡುಗನ ಪರವಾಗಿ ನಿಂತರು. ಆಡಳಿತವೆಲ್ಲ ದಿವಾನ್ ಪೂರ್ಣಯ್ಯನವರ ಕೈಯಲ್ಲಿತ್ತು. ಹೈದರಾಲಿ ಮತ್ತು ಟಿಪ್ಪು ಇಬ್ಬರ ಬಳಿಯೂ ಕೆಲಸ ಮಾಡಿದ್ದ ಪೂರ್ಣಯ್ಯನವರಿಗೆ ರಾಜ್ಯದ ಲೆಕ್ಕ ಪತ್ರ ಚೆನ್ನಾಗಿ ಗೊತ್ತಿತ್ತು.

ಹದಿನಾರು ತುಂಬಿದ ಮೇಲೆ ಮುಮ್ಮಡಿಯವರು ಅಧಿಕಾರವನ್ನು ತಾವೇ ವಹಿಸಿಕೊಂಡರು. ನಾನು ಕಾಮರ್ಸ್ ವಿದ್ಯಾರ್ಥಿ, ಖಾತೆಯ ಒಂದೇ ಬದಿಯನ್ನು ತೋರಿಸಿದರೆ ತಪ್ಪಾಗುತ್ತದೆ. ಅವರು ವಿದ್ವಾಂಸರಿಗೆ, ಸಂಗೀತಗಾರರಿಗೆ ಕೈತುಂಬ ಕೊಟ್ಟರು. ಆದರೆ ಖರ್ಚು ಹೆಚ್ಚಿತು, ಸಾಲ ಬೆಳೆಯಿತು. ಕಂದಾಯ ವಸೂಲಿ ಮಾಡುವವರ ಕಾಟ ತಡೆಯಲಾರದೆ 1830ರಲ್ಲಿ ನಗರ ಸೀಮೆಯ ರೈತರು ದಂಗೆ ಎದ್ದರು. ಇದನ್ನೇ ಕಾರಣ ಮಾಡಿಕೊಂಡು 1831ರ ಅಕ್ಟೋಬರ್‌ನಲ್ಲಿ ಗವರ್ನರ್ ಜನರಲ್ ವಿಲಿಯಂ ಬೆಂಟಿಂಕ್ ಮೈಸೂರಿನ ಆಡಳಿತವನ್ನು ಕಂಪನಿಯ ವಶಕ್ಕೆ ತೆಗೆದುಕೊಂಡರು. ದೊರೆಗೆ ವರ್ಷಕ್ಕೆ ಒಂದು ಲಕ್ಷ ವರಾಹ ಮತ್ತು ಆದಾಯದ ಐದನೇ ಒಂದು ಪಾಲು ಎಂದು ಗೊತ್ತಾಯಿತು. ಅರಮನೆ ಉಳಿಯಿತು, ಹೆಸರು ಉಳಿಯಿತು, ಕೆಲಸ ಮಾತ್ರ ಹೋಯಿತು. ಆಗ ಅವರ ವಯಸ್ಸು 37. ನಾನು ಓದುತ್ತ ಪುಸ್ತಕ ಮಡಚಿ ಜಗಲಿಯ ಕಡೆ ನೋಡಿದ್ದು ಇಲ್ಲಿಗೆ ಬಂದಾಗ.

ಮುಂದಿನ 36 ವರ್ಷ ಅವರು ಏನು ಮಾಡಿದರು? 1833ರಲ್ಲಿ ಮೈಸೂರಿನಲ್ಲಿ ಇಂಗ್ಲಿಷ್ ಕಲಿಸುವ ಉಚಿತ ಶಾಲೆ ತೆರೆದರು. ಇಂದಿನ ಮಹಾರಾಜ ಕಾಲೇಜಿನ ಬೇರು ಅದೇ. ಕನ್ನಡದಲ್ಲಿ, ಸಂಸ್ಕೃತದಲ್ಲಿ ಗ್ರಂಥಗಳು ಸಿದ್ಧವಾದವು. ಅವುಗಳಲ್ಲಿ ಪ್ರಸಿದ್ಧವಾದ ಶ್ರೀತತ್ತ್ವನಿಧಿಯಲ್ಲಿ ಒಂಬತ್ತು ಭಾಗಗಳಿವೆ. ಒಂಬತ್ತನೆಯದು ಕೌತುಕನಿಧಿ. 122 ಯೋಗಾಸನಗಳ ಚಿತ್ರ ಇರುವುದು ಇದರಲ್ಲೇ, ಆಟಗಳೂ ಇದರಲ್ಲೇ ಇವೆ. ಮೊಗಲರ ಜೊತೆ ಬಂದ ಗಂಜೀಫಾ ಎಲೆಯಾಟವನ್ನು ಅವರು ಬೆಳೆಸಿದ ರೀತಿ ಕೇಳಿದರೆ ಆಶ್ಚರ್ಯವಾಗುತ್ತದೆ. 36 ಎಲೆಯ ಆಟದಿಂದ ಹಿಡಿದು 360 ಎಲೆಯ ಆಟದವರೆಗೆ ಹೊಸ ಹೊಸ ಬಗೆಗಳನ್ನು ಕಟ್ಟಿದರು.

ಆದರೆ ಅವರ ಮನಸ್ಸು ಹೆಚ್ಚು ನೆಟ್ಟಿದ್ದು ಚದುರಂಗದ ಕುದುರೆಯ ಮೇಲೆ. ಕುದುರೆ ನೇರ ಎರಡು ಮನೆ ಹೋಗಿ ಪಕ್ಕಕ್ಕೆ ಒಂದು ಮನೆ ತಿರುಗುತ್ತದೆ ಎಂಬುದು ಆಡುವವರಿಗೆಲ್ಲ ಗೊತ್ತು. ಮಣೆಯ ಮೇಲೆ ಒಂದೇ ಕುದುರೆಯನ್ನು ಇಟ್ಟು, ಒಮ್ಮೆ ಮುಟ್ಟಿದ ಮನೆಯನ್ನು ಮತ್ತೆ ಮುಟ್ಟದೆ, 64 ಮನೆಗಳನ್ನೂ ಮುಗಿಸಬೇಕು. ಇದು ಬಹಳ ಹಳೆಯ ಒಗಟು. ಒಂಬತ್ತನೇ ಶತಮಾನದಲ್ಲಿ ಕಾಶ್ಮೀರದ ರುದ್ರಟ ಕುದುರೆಯ ನಡೆಯಲ್ಲಿ ಓದಬಹುದಾದ ಪದ್ಯ ರಚಿಸಿದ್ದ. ಅದೇ ಶತಮಾನದಲ್ಲಿ ಬಾಗ್ದಾದಿನ ಶತ್ರಂಜ್ ಪಂಡಿತ ಅಲ್ ಅದ್ಲಿಗೂ ಇದು ಗೊತ್ತಿತ್ತು. 1759ರಲ್ಲಿ ಯೂರೋಪಿನ ಗಣಿತಜ್ಞ ಆಯ್ಲರ್ ಇದರ ಬಗ್ಗೆ ಬರೆದರು.

ಮುಮ್ಮಡಿಯವರು ಒಂದು ಹಾದಿ ಕಂಡು ತೃಪ್ತರಾಗಲಿಲ್ಲ. ಬೇರೆ ಬೇರೆ ಅಳತೆಯ, ಬೇರೆ ಬೇರೆ ಆಕಾರದ ಮಣೆಗಳ ಮೇಲೆ ಕುದುರೆಯನ್ನು ಓಡಿಸಿದರು. ಅವರು ಕಂಡುಹಿಡಿದ ಕೆಲವು ಹಾದಿಗಳು ಮಾಯಾಚೌಕಗಳೂ ಹೌದು. ಎಂದರೆ ಕುದುರೆ ಇಟ್ಟ ಹೆಜ್ಜೆಗಳಿಗೆ 1, 2, 3 ಎಂದು ಅಂಕಿ ಬರೆಯುತ್ತ ಹೋದರೆ, ಕೊನೆಗೆ ಪ್ರತಿ ಅಡ್ಡಸಾಲಿನ ಮೊತ್ತವೂ ಪ್ರತಿ ಕಂಬಸಾಲಿನ ಮೊತ್ತವೂ ಒಂದೇ ಬರುತ್ತದೆ. ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಇದನ್ನು ಮಾಡಲು ಎಷ್ಟು ತಾಳ್ಮೆ ಬೇಕು, ಯೋಚಿಸಿ.

ಅವರು ಆಟದಲ್ಲಿ ಮುಳುಗಿ ರಾಜ್ಯವನ್ನು ಮರೆತರು ಎಂದುಕೊಳ್ಳಬೇಡಿ. ಅಧಿಕಾರ ಮರಳಿ ಕೊಡಿ ಎಂದು ಒಬ್ಬ ಗವರ್ನರ್ ಜನರಲ್ ಆದ ಮೇಲೆ ಇನ್ನೊಬ್ಬರಿಗೆ ಬರೆಯುತ್ತಲೇ ಹೋದರು, ಅಹವಾಲು ಲಂಡನ್ನಿಗೂ ಮುಟ್ಟಿತು. 1865ರಲ್ಲಿ, 70 ದಾಟಿದ ವಯಸ್ಸಿನಲ್ಲಿ, ಚಾಮರಾಜೇಂದ್ರ ಎಂಬ ಪುಟ್ಟ ಹುಡುಗನನ್ನು ದತ್ತು ತೆಗೆದುಕೊಂಡರು. ಬ್ರಿಟಿಷರು ಮೊದಲು ಒಪ್ಪಲಿಲ್ಲ. ಕೊನೆಗೆ 1867ರಲ್ಲಿ, ದತ್ತುಪುತ್ರನಿಗೆ ಮೈಸೂರು ಸಿಗುತ್ತದೆ ಎಂದು ಲಂಡನ್ನಿನಲ್ಲಿ ತೀರ್ಮಾನವಾಯಿತು. ಮರುವರ್ಷ ಮಾರ್ಚ್ 27ರಂದು ಮುಮ್ಮಡಿಯವರು ತೀರಿಕೊಂಡರು. ರಾಜ್ಯ ಮರಳಿ ಬಂದದ್ದು 1881ರ ಮಾರ್ಚ್ 25ರಂದು. ಅದನ್ನು ನೋಡಲು ಅವರಿರಲಿಲ್ಲ.

ಇಷ್ಟನ್ನು ಓದಿದ ದಿನ ಸಂಜೆ ನಾನು ಜಗಲಿಗೆ ಹೋಗಿ ಅಬ್ಬಾ ಎದುರು ಕುಳಿತೆ. ಎಷ್ಟೋ ತಿಂಗಳಾಗಿತ್ತು ಹಾಗೆ ಕುಳಿತು. ಮಾಯಾಚೌಕದ ವಿಷಯ ಹೇಳಿದೆ. ಅಬ್ಬಾ ಪೆನ್ನು ಹಿಡಿಯಲಿಲ್ಲ. ಒಂದರಿಂದ 64ರವರೆಗೆ ಕೂಡಿದರೆ 2080, ಅದನ್ನು ಎಂಟು ಸಾಲಿಗೆ ಹಂಚಿದರೆ ಸಾಲಿಗೆ 260 ಎಂದು ಬಾಯಲ್ಲೇ ಹೇಳಿಬಿಟ್ಟರು. ಟ್ರಯಲ್ ಬ್ಯಾಲೆನ್ಸ್ ತಾಳೆಯಾಗದೆ ನಾನು ಅಳುತ್ತ ಕೂತಿದ್ದ ದಿನಗಳಲ್ಲಿ ಈ ತಲೆ ನಮ್ಮ ಮನೆಯಲ್ಲೇ ಇತ್ತು, ನಾನು ಕೇಳಿರಲಿಲ್ಲ.

ಆಮೇಲೆ ಇಬ್ಬರೂ ಸೇರಿ ಕುದುರೆ ನಡೆಸಿದೆವು. 51ನೇ ಹೆಜ್ಜೆಗೆ ಸಿಕ್ಕಿಹಾಕಿಕೊಂಡೆವು. ಮರುದಿನ 58ಕ್ಕೆ. ನೀವೂ ಮಾಡಿ ನೋಡುವುದಾದರೆ ಒಂದು ಉಪಾಯವಿದೆ. ಇದನ್ನು 1823ರಲ್ಲಿ ವಾರ್ನ್ಸ್‌ಡಾರ್ಫ್ ಎಂಬ ಜರ್ಮನ್ ಹೇಳಿದ್ದು. ಮುಂದೆ ಅತಿ ಕಡಿಮೆ ದಾರಿ ಇರುವ ಮನೆಗೇ ಮೊದಲು ಹೋಗಬೇಕು. ನಡುವಿನ ಮನೆಯಿಂದ ಕುದುರೆಗೆ ಎಂಟು ದಾರಿ, ಮೂಲೆಯಿಂದ ಎರಡೇ. ಸುಲಭದ ಮನೆಗಳನ್ನು ಮೊದಲು ಮುಗಿಸಿದರೆ ಮೂಲೆಗಳು ಹಾಗೇ ಉಳಿದುಬಿಡುತ್ತವೆ. ಈ ಉಪಾಯದಿಂದ ಮೂರನೇ ದಿನ ನಾವು 64 ಮುಟ್ಟಿದೆವು. 260ರ ಚೌಕ ಮಾತ್ರ ಇನ್ನೂ ಕೈಗೆ ಸಿಕ್ಕಿಲ್ಲ.

ಇಂದು ಚೆಸ್ ಒಂದು ವೃತ್ತಿಯೂ ಹೌದು. 2017ರಲ್ಲಿ ಕರ್ನಾಟಕದ ಮೊದಲ ಗ್ರ್ಯಾಂಡ್‌ಮಾಸ್ಟರ್ ಆದ ಎಂ. ಎಸ್. ತೇಜ್‌ಕುಮಾರ್ ಅವರು ನಮ್ಮ ಮೈಸೂರಿನವರೇ. ಮುಮ್ಮಡಿಯವರು ಯಾವ ಪಂದ್ಯವನ್ನೂ ಗೆದ್ದು ಹೆಸರಾದವರಲ್ಲ. ಅವರ ಎದುರಿಗೆ ಇದ್ದದ್ದು ಬರಿಯ ಮಣೆ ಮತ್ತು ಬೇಕಾದಷ್ಟು ಹೊತ್ತು. ದೊರೆಗೆ ಅರಮನೆಯಿತ್ತು, ವರಾಹಗಳಿದ್ದವು. ನಮ್ಮ ಮನೆಯಲ್ಲಿ ತಿಂಗಳ ರೇಷನ್ನಿನ ಚಿಂತೆ ಇದೆ. ಎರಡೂ ಒಂದೇ ಎಂದು ನಾನು ಹೇಳುವುದಿಲ್ಲ. ಆದರೆ ಕೆಲಸ ಹೋದ ಮನುಷ್ಯನ ತಲೆ ಕೆಲಸ ನಿಲ್ಲಿಸಿರುವುದಿಲ್ಲ ಎಂಬುದು ನನಗೆ ಈಗ ಗೊತ್ತು. ಅಬ್ಬಾ ಬೆಳಿಗ್ಗೆ ಕೆಲಸ ಕೇಳಿಕೊಂಡು ಹುಣಸೂರಿಗೆ ಹೋಗುತ್ತಾರೆ, ಸಂಜೆ ನನಗೆ ಅಕೌಂಟೆನ್ಸಿ ಹೇಳಿಕೊಡುತ್ತಾರೆ. ನಡುವೆ ಮಣೆ ಹಾಕಿಕೊಂಡು ಕೂರುತ್ತಾರೆ. ನೆಂಟರು ಬಂದರೆ ಈಗ ನಾನೂ ಅವರ ಎದುರಿಗೆ ಕೂರುತ್ತೇನೆ.