ಬೈಂಡಿಂಗ್ ಅಂಗಡಿಯಿಂದ ಪ್ರಯೋಗಾಲಯಕ್ಕೆ: ಮೈಕಲ್ ಫ್ಯಾರಡೆ



ಸ್ವಿಚ್ ಒತ್ತಿದೊಡನೆ ದೀಪ ಬೆಳಗುತ್ತದೆ. ಅದರ ಹಿಂದೆ ಮಾನವನ ಸಾವಿರಾರು ವರ್ಷಗಳ ಹುಡುಕಾಟವಿದೆ ಎಂಬುದನ್ನು ನೀವು ಯೋಚಿಸಿದ್ದೀರಾ? ಸೌದೆ, ಎತ್ತು-ಕುದುರೆಗಳ ಬಲ, ಗಾಳಿ, ನೀರು, ಕಲ್ಲಿದ್ದಲು ಹೀಗೆ ಒಂದೊಂದೇ ಶಕ್ತಿಮೂಲ ಅವನ ಕೈಸೇರಿತು. ಆದರೆ ಹರಿಯುವ ನೀರಿನ ಬಲವನ್ನು ಹೊಳೆಯ ದಡದಲ್ಲೇ ಬಳಸಬೇಕಿತ್ತು. ಅದನ್ನು ದೂರದ ಊರಿಗೆ ಒಯ್ಯುವ ದಾರಿಯನ್ನು ತೋರಿದವರು, ಸರಿಯಾಗಿ ಶಾಲೆ ಕಲಿಯಲಾಗದ ಒಬ್ಬ ಕಮ್ಮಾರನ ಮಗ.

ಮೈಕಲ್ ಫ್ಯಾರಡೆ 1791ರ ಸೆಪ್ಟೆಂಬರ್ 22ರಂದು ಇಂಗ್ಲೆಂಡಿನಲ್ಲಿ, ಲಂಡನ್ ಬಳಿ ಜನಿಸಿದರು. ಮನೆಯಲ್ಲಿ ಕಡುಬಡತನ. ಓದು, ಬರಹ, ಸ್ವಲ್ಪ ಲೆಕ್ಕ ಇಷ್ಟೇ ಶಾಲೆಯಲ್ಲಿ ದೊರೆತದ್ದು. 14ನೇ ವಯಸ್ಸಿನಲ್ಲಿ ಪುಸ್ತಕ ಬೈಂಡಿಂಗ್ ಅಂಗಡಿಗೆ ಸೇರಿ 7 ವರ್ಷ ಕೆಲಸ ಕಲಿತರು. ಬೈಂಡಿಂಗ್‌ಗೆ ಬಂದ ಪುಸ್ತಕಗಳನ್ನು ಹೊಲಿದು ಕೊಟ್ಟು ಸುಮ್ಮನಾಗದೆ, ಬಿಡುವಿನಲ್ಲಿ ಓದಿದರು. ವಿಶ್ವಕೋಶದಲ್ಲಿದ್ದ ವಿದ್ಯುತ್ತಿನ ಲೇಖನ ಅವರ ಮನಸ್ಸನ್ನು ಸೆಳೆಯಿತು. ಕೈಯಲ್ಲಿದ್ದ ಅಲ್ಪಸ್ವಲ್ಪ ಹಣದಿಂದ ಪ್ರಯೋಗಗಳನ್ನೂ ಮಾಡಿದರು.

1812ರಲ್ಲಿ ಅಂಗಡಿಯ ಗಿರಾಕಿಯೊಬ್ಬರು ವಿಜ್ಞಾನಿ ಹಂಫ್ರಿ ಡೇವಿಯವರ ಉಪನ್ಯಾಸಗಳಿಗೆ ಟಿಕೆಟ್ ಕೊಡಿಸಿದರು. ಫ್ಯಾರಡೆ ಕೇಳಿದ್ದನ್ನೆಲ್ಲ ಚಿತ್ರಸಹಿತ ಬರೆದು, ತಾವೇ ಬೈಂಡ್ ಮಾಡಿ ಡೇವಿಯವರಿಗೆ ಕಳುಹಿಸಿದರು. 1813ರ ಮಾರ್ಚ್‌ನಲ್ಲಿ ರಾಯಲ್ ಇನ್‌ಸ್ಟಿಟ್ಯೂಷನ್‌ನ ಪ್ರಯೋಗಾಲಯದಲ್ಲಿ ಸಹಾಯಕನ ಕೆಲಸ ಸಿಕ್ಕಿತು.

1831ರಲ್ಲಿ ತಂತಿಯ ಸುರುಳಿಯೊಳಗೆ ಅಯಸ್ಕಾಂತವನ್ನು ಚಲಿಸಿದಾಗ ವಿದ್ಯುತ್ ಹುಟ್ಟುವುದನ್ನು ಅವರು ಕಂಡುಹಿಡಿದರು. ಅಯಸ್ಕಾಂತದ ಧ್ರುವಗಳ ನಡುವೆ ತಾಮ್ರದ ತಟ್ಟೆಯನ್ನು ತಿರುಗಿಸಿ ನಿರಂತರ ವಿದ್ಯುತ್ತನ್ನೂ ಪಡೆದರು. ಜನರೇಟರಿನ ಮೂಲತತ್ವ ಇದೇ. 1902ರಲ್ಲಿ ಶಿವನಸಮುದ್ರದಲ್ಲಿ ಕಾವೇರಿಯ ನೀರಿನಿಂದ ತಯಾರಾದ ವಿದ್ಯುತ್ ಸುಮಾರು 147 ಕಿ.ಮೀ. ದೂರದ ಕೋಲಾರದ ಚಿನ್ನದ ಗಣಿಗಳನ್ನು ತಲುಪಿದ್ದು ಇದೇ ತತ್ವದಿಂದ. ಇಂದಿಗೂ ಕಲ್ಲಿದ್ದಲು, ಅಣುಶಕ್ತಿ, ಗಾಳಿ ಯಾವುದೇ ಇರಲಿ, ಅದು ವಿದ್ಯುತ್ತಾಗುವುದು ಬಹುತೇಕ ಈ ದಾರಿಯಲ್ಲೇ. ಸೌರಫಲಕಗಳದ್ದು ಮಾತ್ರ ಬೇರೆ ದಾರಿ.

ಉನ್ನತ ಗಣಿತ ಅವರಿಗೆ ಬರುತ್ತಿರಲಿಲ್ಲ. ಅವರ ವಿಚಾರಗಳಿಗೆ ಗಣಿತದ ರೂಪ ಕೊಟ್ಟವರು ಮುಂದೆ ಬಂದ ಮ್ಯಾಕ್ಸ್‌ವೆಲ್. ಫ್ಯಾರಡೆ ದೈವಭಕ್ತರು, ಸರಳಜೀವಿ. ಸರ್ ಪದವಿಯನ್ನೂ, ರಾಯಲ್ ಸೊಸೈಟಿಯ ಅಧ್ಯಕ್ಷತೆಯನ್ನೂ ನಿರಾಕರಿಸಿದರು. ಆದರೆ ಮಕ್ಕಳಿಗೆ ವಿಜ್ಞಾನ ತಿಳಿಸುವ ಕ್ರಿಸ್ಮಸ್ ಉಪನ್ಯಾಸಗಳನ್ನು ಹಲವು ವರ್ಷ ಸಂತೋಷದಿಂದ ನೀಡಿದರು. 1867ರ ಆಗಸ್ಟ್ 25ರಂದು ನಿಧನರಾದರು.

ಓದಬೇಕೆಂಬ ಆಜ್ಞೆಯೊಂದಿಗೇ ದಿವ್ಯವಾಣಿಯ ಅವತರಣ ಆರಂಭವಾಯಿತೆಂಬುದು ನಮಗೆ ಗೊತ್ತು. ಆದರೂ ಬಡತನದಿಂದಾಗಿ ಅರ್ಧಕ್ಕೆ ಶಾಲೆ ಬಿಟ್ಟು ಗ್ಯಾರೇಜಿಗೋ ಅಂಗಡಿಗೋ ಸೇರುವ ಮಕ್ಕಳು ನಮ್ಮ ನಡುವೆ ಇದ್ದಾರೆ. ವಿದ್ಯಾರ್ಥಿಗಳೇ, ನಿಮ್ಮ ಕೈಗೆ ಬಂದ ಪುಸ್ತಕವನ್ನು ಓದದೆ ಬಿಡಬೇಡಿ. ಹಿರಿಯರೇ, ಅಂಥ ಒಂದು ಮಗುವಿಗೆ ನೀವು ಕೊಡಿಸುವ ಪುಸ್ತಕವೋ, ಶಾಲೆಯ ಶುಲ್ಕವೋ, ಅಂದು ಆ ಗಿರಾಕಿ ಕೊಡಿಸಿದ ಟಿಕೆಟ್‌ನಂತೆ ಆದೀತು.