ಬ್ರೂನೆಲನ ರುಜು

ಎಂಜಿನಿಯರಿಂಗ್ ಓದಿದವರಲ್ಲಿ ಇಸಂಬಾರ್ಡ್ ಕಿಂಗ್‌ಡಮ್ ಬ್ರೂನೆಲನ ಹೆಸರು ಕೇಳದವರು ವಿರಳ. ಲಂಡನ್ನಿನಿಂದ ಬ್ರಿಸ್ಟಲ್ಲಿಗೆ ರೈಲುಹಾದಿ ಹಾಕಿದವನು, ಥೇಮ್ಸ್ ನದಿಯಡಿಯ ಸುರಂಗದಲ್ಲಿ ನೀರು ನುಗ್ಗಿದಾಗ ಬದುಕಿ ಬಂದವನು, ಕಬ್ಬಿಣದ ಮಹಾನೌಕೆಗಳನ್ನು ತೇಲಿಸಿದವನು. ಆ ಸಾಹಸಗಳನ್ನು ಅನೇಕರು ಬಣ್ಣಿಸಿದ್ದಾರೆ. ಮೂವತ್ತು ವರುಷ ಇಲಾಖೆಯೊಂದರ ಅಳತೆ ಪುಸ್ತಕಕ್ಕೆ ರುಜು ಹಾಕಿ ನಿವೃತ್ತನಾದ ನನ್ನ ಮನಸ್ಸು ಮಾತ್ರ ಆತನ ಬಾಳಿನಲ್ಲಿ ಬೇರೊಂದು ಕಡೆ ನಿಲ್ಲುತ್ತದೆ.

ಆತ ಹುಟ್ಟಿದ್ದು 1806ರಲ್ಲಿ, ಪೋರ್ಟ್ಸ್‌ಮತ್ತಿನಲ್ಲಿ. ತಂದೆ ಮಾರ್ಕ್ ಬ್ರೂನೆಲ್ ಫ್ರಾನ್ಸಿನಲ್ಲಿ ಹುಟ್ಟಿದ ಯಂತ್ರಕೋವಿದ. ಬೂಟು ತಯಾರಿಸುವ ಯಂತ್ರಗಳನ್ನು ಕಲ್ಪಿಸಿ ಇಂಗ್ಲೆಂಡಿನ ಸೈನ್ಯಕ್ಕೆ ಬೂಟು ಒದಗಿಸುತ್ತಿದ್ದ. 1815ರಲ್ಲಿ ವಾಟರ್ಲೂ ಯುದ್ಧ ಮುಗಿಯಿತು. ಸರ್ಕಾರಕ್ಕೆ ಬೂಟು ಬೇಡವಾಯಿತು. ಮಾಡಿಟ್ಟ ರಾಶಿಯೆಲ್ಲ ಅವನ ತಲೆಗೇ ಬಂತು. ಇದೂ ಇತರ ನಷ್ಟಗಳೂ ಕೂಡಿ 1821ರಲ್ಲಿ ಸಾಲ ತೀರಿಸಲಾರದವರ ಸೆರೆಮನೆಯನ್ನು ಸೇರಿದ, ಹೆಂಡತಿಯೂ ಜೊತೆಗಿದ್ದಳು. ರಷ್ಯದ ದೊರೆಯಲ್ಲಿಗೆ ಹೋಗಿಬಿಡುವನೆಂಬ ಭಯ ಹುಟ್ಟಿದ ಮೇಲೆ ಸರ್ಕಾರ 5000 ಪೌಂಡು ಕೊಟ್ಟು ಬಿಡಿಸಿತು. ಅದು ನ್ಯಾಯಸ್ಥಾನ ಕೊಡಿಸಿದ ಹಣವಲ್ಲ, ದೊಡ್ಡವರ ಕೃಪೆ. ಆಗ ಮಗನಿಗೆ ಹದಿನೈದು ವರುಷ, ಫ್ರಾನ್ಸಿನಲ್ಲಿ ಓದುತ್ತಿದ್ದ.

ಇಂಥ ಮನೆಯ ಹುಡುಗ ಕಂಟ್ರಾಕ್ಟರುಗಳ ಸಂಕಟವನ್ನು ಅರಿತಿರಬೇಕೆಂದು ವಾಚಕರು ಊಹಿಸಬಹುದು. ನಾನೂ ಹಾಗೆಯೇ ಊಹಿಸಿದ್ದೆ.

1833ರಲ್ಲಿ, ಇಪ್ಪತ್ತಾರರ ಹರೆಯದಲ್ಲಿ, ಅವನು ಗ್ರೇಟ್ ವೆಸ್ಟರ್ನ್ ರೈಲ್ವೆಯ ಎಂಜಿನಿಯರನಾದ. ಅದು ಖಾಸಗಿ ಕಂಪೆನಿಯೇನೋ ಹೌದು; ಆದರೆ 1835ರ ಪಾರ್ಲಿಮೆಂಟಿನ ಕಾಯಿದೆಯಿಂದ ಜನರ ಭೂಮಿಯನ್ನು ವಶಪಡಿಸಿಕೊಳ್ಳುವ ಅಧಿಕಾರ ಪಡೆದು ಅರ್ಧ ಸರ್ಕಾರವೇ ಆಗಿತ್ತು. ಕರಾರಿನಂತೆ ಎಂಜಿನಿಯರನ ಪ್ರಮಾಣಪತ್ರವಿಲ್ಲದೆ ಕಂಟ್ರಾಕ್ಟರನಿಗೆ ಹಣವಿಲ್ಲ. ಕೆಲಸ ಎಷ್ಟಾಯಿತು, ಹೇಗಾಯಿತು ಎಂಬುದಕ್ಕೆ ಬ್ರೂನೆಲನ ಮಾತೇ ಪ್ರಮಾಣ. ಅವನಾದರೋ ಕಂಪೆನಿಯ ಸಂಬಳ ತಿನ್ನುವವನು, ಅದರ ಷೇರುದಾರನೂ ಹೌದು. ತಾನು ಬಯಸಿದ ಮಟ್ಟಕ್ಕೆ ಒಂದು ಕೂದಲೆಳೆ ಕಡಿಮೆಯಾದರೂ ಸಹಿಸದ ಸ್ವಭಾವ. ಹಣ ಮಾತ್ರ ನಿಧಾನ.

ವಿಲಿಯಂ ರೇಂಜರ್ ಎಂಬ ಕಂಟ್ರಾಕ್ಟರನು ಬ್ರಿಸ್ಟಲ್ ಕಡೆಯ ಸುರಂಗಗಳನ್ನು ವಹಿಸಿಕೊಂಡ. ಬಂಡೆ ತನಗೆ ತೋರಿಸಿದ್ದಕ್ಕಿಂತ ಬಹಳ ಗಟ್ಟಿಯೆಂದು ಅವನ ದೂರು. ಕೆಲಸ ಹಿಂದೆ ಬಿತ್ತು. 1838ರಲ್ಲಿ ಕಂಪೆನಿ ಅವನ ಕೆಲಸವನ್ನೂ ಸಲಕರಣೆಯನ್ನೂ ವಶಪಡಿಸಿಕೊಂಡಿತು. ಷೇರುದಾರನಾದವನು ನಿಷ್ಪಕ್ಷಪಾತಿಯಾದ ತೀರ್ಪುಗಾರನಾಗುವುದೆಂತು ಎಂದು ರೇಂಜರ್ ನ್ಯಾಯಾಲಯದಲ್ಲಿ ಕೇಳಿದ. 1854ರಲ್ಲಿ ಪ್ರಭುಸಭೆ ಅವನ ವಾದವನ್ನು ತಳ್ಳಿಹಾಕಿತು. ಎಂಜಿನಿಯರ್ ಕಂಪೆನಿಯ ಪ್ರತಿನಿಧಿಯೆಂದು ತಿಳಿದೇ ಒಪ್ಪಿದವನು ಅವನ ಷೇರುಗಳನ್ನು ಆಕ್ಷೇಪಿಸುವುದರಲ್ಲಿ ಅರ್ಥವಿಲ್ಲವೆಂದು ಅದರ ಅಭಿಪ್ರಾಯ. ತರ್ಕ ನಿರ್ದುಷ್ಟ, ನನಗೆ ಸಮಾಧಾನವಿಲ್ಲ.

ಏಕೆಂದರೆ ನಾನೂ ಒಮ್ಮೆ ಕಾಲುವೆಯೊಂದರ ಅಗೆತದಲ್ಲಿ ಗಟ್ಟಿ ಬಂಡೆಯನ್ನು ಮೆದು ಬಂಡೆಯೆಂದು ಬರೆದಿದ್ದೇನೆ. ಅಂದಾಜು ಮೀರಿದರೆ ಮೇಲಿನವರು ಕೇಳುವರೆಂಬ ಅಂಜಿಕೆ. ಆ ಕಂಟ್ರಾಕ್ಟರ್ ಕಚೇರಿಯ ಬಾಗಿಲಲ್ಲಿ ಬಹಳ ಹೊತ್ತು ನಿಂತಿದ್ದು ಹೋದ. ಲಾರಿ ಮಾರಿದನೆಂದು ಆಮೇಲೆ ಕೇಳಿದೆ. ನಮ್ಮ ದೇಶದ ಕರಾರುಗಳಲ್ಲೂ ಇಲಾಖೆಯ ಅಧಿಕಾರಿಯೇ ಮಧ್ಯಸ್ಥನಾಗುವ ಪದ್ಧತಿ ಬಹುಕಾಲವಿತ್ತು. ಪಕ್ಷವೊಂದರ ನೌಕರನು ಆ ಸ್ಥಾನದಲ್ಲಿ ಕೂರುವುದಕ್ಕೆ 2015ರ ಕಾಯಿದೆ ತಿದ್ದುಪಡಿ ಅಡ್ಡಿ ಹಾಕಿತು. ಅಷ್ಟರಲ್ಲಿ ನಾನು ನಿವೃತ್ತನಾಗಿದ್ದೆ.

ಇನ್ನೊಬ್ಬ ಹ್ಯೂ ಮೆಕಿಂಟಾಷ್. ಅನುಭವಸ್ಥ, ವೃದ್ಧ. ಬ್ರೂನೆಲ್ ಕೊಡಬೇಕಾದ ಪ್ರಮಾಣಪತ್ರಗಳನ್ನು ಕೊಡದೆ ಹಣ ತಡೆದನೆಂದು ಅವನ ಕಡೆಯವರ ಆರೋಪ. ಆತ 1840ರಲ್ಲಿ ತೀರಿಕೊಂಡ. ಮಗ ಡೇವಿಡ್ ಚಾನ್ಸರಿ ನ್ಯಾಯಾಲಯದಲ್ಲಿ ಹೋರಾಡಿದ. ಪ್ರಮಾಣಪತ್ರವಿಲ್ಲವೆಂಬುದೊಂದೇ ಉತ್ತರ ಸಾಲದು, ಅದನ್ನು ಅನ್ಯಾಯವಾಗಿ ತಡೆದಿದ್ದರೆ ನ್ಯಾಯಾಲಯವೇ ಲೆಕ್ಕ ತೆಗೆಸಬಹುದು ಎಂಬ ತತ್ತ್ವ ಈ ದಾವೆಯಲ್ಲಿ ನೆಲೆಗೊಂಡಿತು.

ಇತ್ತ ಬ್ರೂನೆಲ್ ಗ್ರೇಟ್ ಈಸ್ಟರ್ನ್ ಎಂಬ ಹಡಗಿನಲ್ಲಿ ತನ್ನ ಹಣವನ್ನೂ ಆರೋಗ್ಯವನ್ನೂ ಸುರಿಯುತ್ತಿದ್ದ. ಅಲ್ಲಿಯೂ ಅದನ್ನು ಕಟ್ಟಿದ ಸ್ಕಾಟ್ ರಸೆಲ್ಲನೊಡನೆ ಹಣದ ಜಗಳ. 1856ರಲ್ಲಿ ರಸೆಲ್ ದಿವಾಳಿಯ ಅಂಚಿಗೆ ಬಂದ. 1858ರ ಜನವರಿ 31ರಂದು ಹಡಗು ತೇಲಿತು. ಮರುವರುಷ ಸೆಪ್ಟೆಂಬರ್ 15ರಂದು, ಐವತ್ತಮೂರನೆಯ ವಯಸ್ಸಿನಲ್ಲಿ, ಬ್ರೂನೆಲ್ ಕಣ್ಣು ಮುಚ್ಚಿದ.

ಮೆಕಿಂಟಾಷರ ದಾವೆ ಆಗಲೂ ನಡೆಯುತ್ತಿತ್ತು. 1865ರಲ್ಲಿ ತೀರ್ಪಾಯಿತು, ಕಂಪೆನಿ ಸೋತಿತು, ಬಡ್ಡಿ ಸಮೇತ ಹಣ ಕೊಡಬೇಕಾಯಿತು. ಕೆಲಸ ಮಾಡಿದ ಮುದುಕ ಸತ್ತು ಇಪ್ಪತ್ತೈದು ವರುಷವಾಗಿತ್ತು. ರುಜು ಹಾಕಬೇಕಾಗಿದ್ದವನು ಸತ್ತು ಆರು.